ಹುಬ್ಬಳ್ಳಿಯಿಂದ 50,000 ಮೈಲಿ: ಗೋಲ್ಡ್ ಕಾರ್ಡಿನ ನನ್ನ ಲೆಕ್ಕ

2024ರ ಜೂನ್ ತಿಂಗಳು. ಬೆಂಗಳೂರು ವಿಮಾನ ನಿಲ್ದಾಣದಲ್ಲಿ ಏಳೂವರೆ ತಾಸು ಸ್ಟೀಲ್ ಕುರ್ಚಿ ಮೇಲೆ ಕೂತಿದ್ದೆ. ಹುಬ್ಬಳ್ಳಿಯಿಂದ ಬಂದ ವಿಮಾನ ಮಧ್ಯಾಹ್ನವೇ ಇಳಿಸಿತ್ತು. ಸಿಂಗಾಪುರಕ್ಕೆ ಹೋಗುವುದು ರಾತ್ರಿ ತಡವಾಗಿ ಇತ್ತು. ಅಲ್ಲಿಂದ ಮುಂದೆ ಪರ್ತ್. ಫೋನ್ ಮಾಡಿದಾಗ ಅವ್ವ ಕೇಳಿದಳು, "ಇಷ್ಟೊತ್ತು ಅಲ್ಲೇ ಕುಂತಿಯೇನೋ? ಬೆನ್ನು ಹಿಡಿಯಂಗಿಲ್ಲೇನು?" ಬೆನ್ನು ಹಿಡಿದಿತ್ತು.

ನಾನು ಗೋಕುಲ ರಸ್ತೆ ಕಡೆಯ ಒಂದು ಕಾರ್ಖಾನೆಯಲ್ಲಿ ಸರ್ವಿಸ್ ಎಂಜಿನಿಯರ್. ನಾವು ವಾಲ್ವ್ ಮಾಡುತ್ತೇವೆ. ಆಸ್ಟ್ರೇಲಿಯಾದ ಗಿರಾಕಿಗಳ ಹತ್ತಿರ ಹೋಗಿ ಕೂಡಿಸಿ, ಪರೀಕ್ಷೆ ಮಾಡಿ, ಸೋರುವುದನ್ನು ನಿಲ್ಲಿಸಿ ಬರುವುದು ನನ್ನ ಕೆಲಸ. ಆ ವರ್ಷ ಐದಾರು ಸಲ ಹೋಗಬೇಕು ಅಂತ ಮೊದಲೇ ಗೊತ್ತಿತ್ತು. ಹಾಗಾಗಿ ಪರ್ತ್‌ನ ಹೋಟೆಲ್ ಕೋಣೆಯಲ್ಲಿ ಕೂತು ಒಂದು ವಿಷಯ ತಿಳಿದುಕೊಳ್ಳಲು ಶುರು ಮಾಡಿದೆ. ಇಷ್ಟು ಹಾರುವವನಿಗೆ ವಿಮಾನ ಕಂಪನಿ ಏನು ಕೊಡುತ್ತದೆ, ಅದನ್ನು ಪಡೆಯುವುದು ಹೇಗೆ?

ಬೆಂಗಳೂರಲ್ಲಿ ಮನೆ ಇರುವವರಿಗೆ ಇದು ಅಷ್ಟು ದೊಡ್ಡ ವಿಷಯ ಅಲ್ಲದೇ ಇರಬಹುದು. ಅವರು ವಿಮಾನಕ್ಕೆ ಮೂರು ತಾಸು ಮೊದಲು ಮನೆ ಬಿಟ್ಟರೂ ನಡೆಯುತ್ತದೆ. ನಾವು ಹುಬ್ಬಳ್ಳಿ, ಧಾರವಾಡ, ಗದಗ, ಹಾವೇರಿಯವರು ಹಾಗಲ್ಲ. ರಾತ್ರಿ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಹತ್ತಿದರೆ ಬೆಳಗ್ಗೆ ಬೆಂಗಳೂರು ಮುಟ್ಟುತ್ತೇವೆ. ಆಮೇಲೆ ರಾತ್ರಿವರೆಗೆ ಎಲ್ಲಿರುವುದು? ಮಧ್ಯಾಹ್ನದ ವಂದೇ ಭಾರತ್ ಹಿಡಿದು ಯಶವಂತಪುರದಲ್ಲಿ ಇಳಿದರೆ ಸಮಯ ಸರಿ ಹೊಂದುತ್ತದೆ. ಆದರೆ ರೈಲು ಒಂದೂವರೆ ತಾಸು ತಡವಾದರೆ ಎದೆ ಹೊಡೆದುಕೊಳ್ಳುತ್ತದೆ. ಮಳೆಗಾಲದಲ್ಲಿ ಮೋಡ ಕೆಳಗಿಳಿದರೆ ವಿಮಾನವನ್ನೂ ನೆಚ್ಚುವಂತಿಲ್ಲ. ಹುಬ್ಬಳ್ಳಿಯ ಟಿಕೆಟ್ ಬೇರೆ, ಸಿಂಗಾಪುರದ ಟಿಕೆಟ್ ಬೇರೆ ತೆಗೆದಿದ್ದರೆ ಒಂದು ತಪ್ಪಿದ್ದಕ್ಕೆ ಇನ್ನೊಬ್ಬರು ಹೊಣೆ ಅಲ್ಲ. ಅದಕ್ಕೇ ನಾವು ಯಾವಾಗಲೂ ಬಹಳ ಬೇಗ ಹೋಗುತ್ತೇವೆ, ಬಹಳ ಹೊತ್ತು ಕಾಯುತ್ತೇವೆ. ಎಲೀಟ್ ಕಾರ್ಡ್, ಅಂದರೆ ಬಹಳ ಹಾರುವವರಿಗೆ ವಿಮಾನ ಕಂಪನಿ ಕೊಡುವ ಸಿಲ್ವರ್, ಗೋಲ್ಡ್ ದರ್ಜೆ, ನನಗೆ ಬೇಕಾದದ್ದು ಈ ತಾಸುಗಳಿಗಾಗಿ. ಅಂತಸ್ತಿಗಾಗಿ ಅಲ್ಲ.

ಮೊದಲು ನನಗೆ ಅರ್ಥವಾಗಬೇಕಾಗಿದ್ದು ವಿಮಾನ ಕಂಪನಿ ನಮ್ಮ ಖಾತೆಗೆ ಹಾಕುವ ಮೈಲಿಯಲ್ಲಿ ಎರಡು ಜಾತಿ ಇವೆ ಅನ್ನುವುದು. ನಮ್ಮ ಭಾವ ಕೂಡಲೇ ಹೇಳಿದರು, "ಅದೆಲ್ಲ ಯಾಕಪಾ, ಕ್ರೆಡಿಟ್ ಕಾರ್ಡ್ ಉಜ್ಜಿದ್ರ ಮೈಲಿ ಬರ್ತಾವ." ಬರುತ್ತವೆ, ನಿಜ. ಅವು ಟಿಕೆಟ್ ಕೊಳ್ಳಲು ಬರುವ ಮೈಲಿ. ಕಿಸೆಯ ರೊಕ್ಕ ಇದ್ದಂತೆ, ಯಾರು ಬೇಕಾದರೂ ಕೊಡಬಹುದು, ಖರ್ಚು ಮಾಡಿದರೆ ಮುಗಿಯಿತು. ಎಲೀಟ್ ಮೈಲಿ ಶಾಲೆಯ ಹಾಜರಿ ಇದ್ದಂತೆ. ನೀವೇ ವಿಮಾನದಲ್ಲಿ ಕೂತರೆ ಮಾತ್ರ ಬೀಳುತ್ತದೆ. ಅದನ್ನು ಖರ್ಚು ಮಾಡಲು ಬರುವುದಿಲ್ಲ, ಬರೀ ಎಣಿಸುತ್ತಾರೆ. ಮೈಲಿ ಕೊಟ್ಟು ಪಡೆದ ಟಿಕೆಟ್‌ನಲ್ಲಿ ಹಾರಿದರೂ ಹಾಜರಿ ಬೀಳುವುದಿಲ್ಲ. ಹಾಜರಿ ಇಷ್ಟು ತುಂಬಿದರೆ ಸಿಲ್ವರ್, ಇನ್ನಷ್ಟು ತುಂಬಿದರೆ ಗೋಲ್ಡ್.

ನಾನು ಹಾರುತ್ತಿದ್ದದ್ದು ಸಿಂಗಾಪುರ್ ಏರ್‌ಲೈನ್ಸ್‌ನಲ್ಲಿ. ಅವರ ಸದಸ್ಯತ್ವಕ್ಕೆ ಕ್ರಿಸ್‌ಫ್ಲೈಯರ್ ಅಂತ ಹೆಸರು. 12 ತಿಂಗಳೊಳಗೆ 25,000 ಎಲೀಟ್ ಮೈಲಿ ಆದರೆ ಸಿಲ್ವರ್, 50,000 ಆದರೆ ಗೋಲ್ಡ್. ಗೋಲ್ಡ್ ಸಿಕ್ಕರೆ ಸ್ಟಾರ್ ಅಲಯನ್ಸ್ ಗೋಲ್ಡ್ ಕೂಡ ತಾನಾಗಿ ಸಿಗುತ್ತದೆ. 1997ರಲ್ಲಿ ಐದು ಕಂಪನಿಗಳು ಸೇರಿ ಕಟ್ಟಿದ ಕೂಟ ಅದು. ಏರ್ ಇಂಡಿಯಾ 2014ರಿಂದ ಅದರಲ್ಲಿದೆ. ಲುಫ್ತಾನ್ಸಾ, ಟರ್ಕಿಶ್, ಥಾಯ್ ಎಲ್ಲ ಇವೆ. ಇವುಗಳಲ್ಲಿ ಯಾವುದರಲ್ಲಿ ಹಾರಿದರೂ ಮೈಲಿಯನ್ನು ಒಂದೇ ಖಾತೆಗೆ ಹಾಕಬಹುದು. ಆದರೆ ದೇಶದೊಳಗೆ ನಾವು ದಿನಾ ನೋಡುವ ಇಂಡಿಗೋ, ಆಕಾಸ, ಸ್ಪೈಸ್‌ಜೆಟ್ ಈ ಕೂಟದಲ್ಲಿ ಇಲ್ಲ. ಏರ್ ಇಂಡಿಯಾ ಎಕ್ಸ್‌ಪ್ರೆಸ್ ಕೂಡ ಇಲ್ಲ. ಹೆಸರು ನೋಡಿ ಮೋಸ ಹೋಗಬೇಡಿ.

ಹಾಗಾಗಿ ಹುಬ್ಬಳ್ಳಿ–ಬೆಂಗಳೂರು ಹಾರಾಟ ನನ್ನ ಹಾಜರಿಗೆ ಬರಲೇ ಇಲ್ಲ. ಬಂದಿದ್ದರೂ ಏನಾಗುತ್ತಿತ್ತು? ನೇರ ಗೆರೆ ಎಳೆದರೆ ಅದು ಸುಮಾರು 230 ಮೈಲಿ. ಬರೀ ಅದರಲ್ಲೇ 50,000 ಮುಟ್ಟಬೇಕಾದರೆ 108 ಸಲ ಹೋಗಿ ಬಂದರೂ ಸಾಲದು. ಉದ್ದ ಹಾರಾಟವೇ ಬೇಕು. ಬೆಂಗಳೂರಿಂದ ಸಿಂಗಾಪುರ ಸುಮಾರು 1,975 ಮೈಲಿ, ಸಿಂಗಾಪುರದಿಂದ ಪರ್ತ್ ಸುಮಾರು 2,430. ಹೋಗಿ ಬಂದರೆ 8,800. ಸಿಡ್ನಿಯಾದರೆ ಹೋಗಿ ಬರಲು 11,700ಕ್ಕೂ ಜಾಸ್ತಿ. (ಒಂದು ಮೈಲಿ ಅಂದರೆ 1.6 ಕಿಲೋಮೀಟರ್. ನಾನು ಮೊದಲ ಲೆಕ್ಕವನ್ನು ಕಿಲೋಮೀಟರಿನಲ್ಲಿ ಮಾಡಿ ಸುಮ್ನೆ ಖುಷಿಪಟ್ಟಿದ್ದೆ.)

ಮೊದಲ ಪರ್ತ್ ಪ್ರವಾಸ ಮುಗಿಸಿ ಬಂದು ಖಾತೆ ನೋಡಿದೆ. 8,800 ಇರಬೇಕಿತ್ತಲ್ವಾ? ಇದ್ದದ್ದು 4,400. ಅರ್ಧ. ಯಾಕೆ ಅಂತ ಟಿಕೆಟ್ ತೆಗೆದು ನೋಡಿದರೆ, ಆಫೀಸಿನವರು ಎಲ್ಲಕ್ಕಿಂತ ಕಡಿಮೆ ದರದ್ದು ಬುಕ್ ಮಾಡಿದ್ದರು. ಆ 'ಲೈಟ್' ದರಕ್ಕೆ ಅರ್ಧ ಮೈಲಿ ಮಾತ್ರ. ಅದೇ ವಿಮಾನ, ಅದೇ ಸಾಲಿನ ಕುರ್ಚಿ, ಅದೇ ಊಟ. ಪಕ್ಕದವನಿಗೆ ಪೂರ್ತಿ, ನನಗೆ ಅರ್ಧ. ಇದೊಂದು ವಿಷಯ ಗೊತ್ತಿಲ್ಲದೆ ವರ್ಷಗಟ್ಟಲೆ ಹಾರಿದವರು ನಮ್ಮ ಕಾರ್ಖಾನೆಯಲ್ಲೇ ಇದ್ದಾರೆ. ಟಿಕೆಟ್‌ನಲ್ಲಿ ದರ ಯಾವ ವರ್ಗದ್ದು ಅಂತ ಒಂದು ಅಕ್ಷರ ಇರುತ್ತದೆ. ಆ ಅಕ್ಷರಕ್ಕೆ ನೂರಕ್ಕೆ ಎಷ್ಟು ಮೈಲಿ ಅನ್ನುವ ಪಟ್ಟಿ ಪ್ರತಿ ಕಂಪನಿಯ ಜಾಲತಾಣದಲ್ಲಿ ಇರುತ್ತದೆ. ಕೂಟದ ಬೇರೆ ಕಂಪನಿಯಲ್ಲಿ ಹಾರುವಾಗಂತೂ ಇದನ್ನು ನೋಡದೆ ರೊಕ್ಕ ಕಟ್ಟಲೇಬಾರದು.

ಮಾಲಕರ ಹತ್ತಿರ ಹೋದೆ. ನನಗೆ ಗೋಲ್ಡ್ ಬೇಕು, ಜಾಸ್ತಿ ದರದ ಟಿಕೆಟ್ ಕೊಡಿಸಿ ಅಂತ ಕೇಳಿದರೆ ಯಾರು ಒಪ್ಪುತ್ತಾರೆ? ಕೇಳುವುದು ಸರಿಯೂ ಅಲ್ಲ. ನಾನು ಹಿಂದಿನ ಎರಡು ವರ್ಷದ ಟಿಕೆಟ್ ಬಿಲ್ ತೆಗೆದುಕೊಂಡು ಹೋದೆ. ಗಿರಾಕಿಯ ಕೆಲಸ ಎಂದೂ ಹೇಳಿದ ದಿನಕ್ಕೆ ಮುಗಿದಿಲ್ಲ. ಪ್ರತಿ ಸಲ ವಾಪಸ್ ಬರುವ ದಿನ ಬದಲಾಗಿತ್ತು, ಪ್ರತಿ ಸಲ ದಂಡ ಕಟ್ಟಿದ್ದೆವು. ಪೂರ್ತಿ ಮೈಲಿ ಕೊಡುವ ದರದಲ್ಲಿ ದಿನ ಬದಲಿಸಲು ತಗಲುವ ಖರ್ಚು ಕಡಿಮೆ. ಎರಡನ್ನೂ ಪಕ್ಕ ಪಕ್ಕ ಬರೆದು ತೋರಿಸಿದೆ. ಅವರು ಕನ್ನಡಕ ಏರಿಸಿ ಎರಡು ಸಲ ಓದಿದರು. "ಇದು ಮೊದ್ಲ ಯಾಕ ಹೇಳಲಿಲ್ರಿ?" ಅಂದರು. ಅಂದಿನಿಂದ ಟಿಕೆಟ್ ನಾನೇ ಆರಿಸುತ್ತೇನೆ.

ಎರಡನೇ ಪ್ರವಾಸದಲ್ಲಿ ಇನ್ನೊಂದು ತೊಂದರೆ ಆಯಿತು. ಪೂರ್ತಿ ಮೈಲಿಯ ಟಿಕೆಟ್ ಇತ್ತು, ಆದರೂ ವಾಪಸ್ ಬಂದ ಎರಡು ಹಾರಾಟ ಖಾತೆಗೆ ಬೀಳಲೇ ಇಲ್ಲ. ಕಾರಣ ನನ್ನ ಹೆಸರು. ನಮ್ಮ ಕಡೆ ಸ್ವಂತ ಹೆಸರು, ಅಪ್ಪನ ಹೆಸರು, ಅಡ್ಡಹೆಸರು ಅಂತ ಮೂರು ಇರುತ್ತವಲ್ಲ. ಪಾಸ್‌ಪೋರ್ಟ್‌ನಲ್ಲಿ ಮೂರೂ ಇವೆ. ಸದಸ್ಯತ್ವ ತೆಗೆದುಕೊಳ್ಳುವಾಗ ಅಪ್ಪನ ಹೆಸರು ಬಿಟ್ಟುಬಿಟ್ಟಿದ್ದೆ. ಬೋರ್ಡಿಂಗ್ ಪಾಸ್ ಎತ್ತಿಟ್ಟಿದ್ದರಿಂದ ಬಚಾವಾದೆ. ಹಾರಿದ ಆರು ತಿಂಗಳೊಳಗೆ ಕೇಳಿದರೆ ಸೇರಿಸುತ್ತಾರೆ. ಪಾಸ್‌ಪೋರ್ಟ್ ನಕಲು ಕಳಿಸಿ ಹೆಸರು ಸರಿಪಡಿಸಿದೆ, ಮೈಲಿ ಬಂದವು. ನಿಮ್ಮ ಪಾಸ್‌ಪೋರ್ಟ್‌ನಲ್ಲಿ ಹೆಸರು ಹೇಗಿದೆಯೋ ಅಕ್ಷರಕ್ಕೆ ಅಕ್ಷರ ಹಾಗೇ ಖಾತೆ ತೆರೆಯಿರಿ. ಮೈಲಿ ಬೀಳುವ ತನಕ ಬೋರ್ಡಿಂಗ್ ಪಾಸ್ ಎಸೆಯಬೇಡಿ.

ಮೂರನೆಯದೂ ಪರ್ತ್. ನಾಲ್ಕನೆಯದು ಸಿಡ್ನಿ. ಅದು ಮುಗಿದಾಗ ಒಟ್ಟು 33,700 ದಾಟಿತ್ತು, ಸಿಲ್ವರ್ ಬಂತು. ಸಿಲ್ವರ್‌ನಿಂದ ನಾನು ಕಂಡದ್ದು ಕಡಿಮೆ. ಖರ್ಚಿನ ಮೈಲಿ ಕಾಲು ಭಾಗ ಜಾಸ್ತಿ ಬರುತ್ತದೆ, ಆದರೆ ಆ ಜಾಸ್ತಿ ಹಾಜರಿಗೆ ಸೇರುವುದಿಲ್ಲ. ಲೌಂಜ್, ಅಂದರೆ ಊಟ, ಮೆತ್ತನೆಯ ಕುರ್ಚಿ ಇರುವ ಕಾಯುವ ಕೋಣೆ, ಇಲ್ಲ. ಅಲ್ಲಿಗೇ ನಿಲ್ಲುವುದಾದರೆ ಇಷ್ಟು ತಲೆಕೆಡಿಸಿಕೊಳ್ಳುವುದು ಬೇಡ ಅಂತ ನನ್ನ ಅಭಿಪ್ರಾಯ.

ಐದನೇ ಪ್ರವಾಸ ಆದಮೇಲೆ 42,500. ಇನ್ನೊಂದು ಪರ್ತ್ ಆದರೆ ದಾಟಿದಂತೆ. ಆದರೆ ಲೆಕ್ಕ ಅಷ್ಟು ಸರಳ ಇರಲಿಲ್ಲ. 12 ತಿಂಗಳು ಅಂದರೆ ಹಿಂದಿನ 12 ತಿಂಗಳು. ದಿನ ಮುಂದೆ ಸರಿದಂತೆ ಹಳೆಯ ಹಾರಾಟ ಹಿಂದಿನಿಂದ ಉದುರುತ್ತಾ ಹೋಗುತ್ತದೆ. ನನ್ನ ಮೊದಲ ಪ್ರವಾಸ ಜೂನ್ 18ಕ್ಕೆ ಶುರುವಾಗಿತ್ತು. ಆರನೆಯ ಪ್ರವಾಸ ಗೊತ್ತಾಗಿದ್ದು 2025ರ ಜೂನ್ ಕೊನೆಗೆ. ಅಷ್ಟರೊಳಗೆ ಮೊದಲಿನ 4,400 ಉದುರಿರುತ್ತದೆ. ಆಗ ಆರನೆಯದು ಸೇರಿಸಿದರೂ 47,000 ಹತ್ತಿರ ನಿಲ್ಲುತ್ತದೆ. 3,000 ಮೈಲಿ ಕಡಿಮೆ!

ಒಂದು ರಾತ್ರಿ ನಿದ್ದೆ ಬರಲಿಲ್ಲ. ಸ್ವಂತ ರೊಕ್ಕದಲ್ಲಿ ಸಿಂಗಾಪುರಕ್ಕೆ ಸುಮ್ನೆ ಒಂದು ಸಲ ಹೋಗಿ ಬಂದರೆ 3,950 ಮೈಲಿ ಸಿಗುತ್ತದೆ, ಸಾಕಾಗುತ್ತದೆ. ಹೀಗೆ ಮೈಲಿಗಾಗಿಯೇ ಹಾರುವವರು ಇದ್ದಾರೆ. ಟಿಕೆಟ್ ದರ ನೋಡಿದೆ. ಹೆಂಡತಿ ಪಕ್ಕದಲ್ಲಿದ್ದಳು. "ಇದು ಮಗಳ ಸಾಲಿ ಫೀ ಆತಲ್ರೀ" ಅಂದಳು. ಪುಟ ಮುಚ್ಚಿದೆ. ಈಗಲೂ ನನ್ನ ಮಾತು ಅದೇ. ಕೆಲಸಕ್ಕೋ ಮನೆಯವರಿಗಾಗಿಯೋ ಹೇಗೂ ಹಾರಬೇಕಿದ್ದರೆ ಮೈಲಿಯನ್ನು ಒಂದೇ ಖಾತೆಗೆ ಕೂಡಿಸಿ. ಕಾರ್ಡಿಗಾಗಿ ಮನೆಯ ರೊಕ್ಕ ಸುರಿಯಬೇಡಿ.

ಮರುದಿನ ಪರ್ತ್‌ನ ಗಿರಾಕಿಗೆ ಪತ್ರ ಬರೆದೆ. ಸಾಮಾನು ಮೇ ತಿಂಗಳಲ್ಲೇ ಬಂದರಿಗೆ ಮುಟ್ಟುತ್ತದೆ, ಜೂನ್ ಮೊದಲ ವಾರ ಬಂದರೆ ನಿಮಗೆ ಅನುಕೂಲವೇ ಅಂತ ಕೇಳಿದೆ. ಅವರಿಗೂ ಅದೇ ಬೇಕಾಗಿತ್ತಂತೆ, ಕೇಳಲು ಹಿಂಜರಿದಿದ್ದರು. ಜೂನ್ 2ಕ್ಕೆ ಹೊರಟು 14ಕ್ಕೆ ವಾಪಸ್ ಬಂದೆ. ಕಾರಹುಣ್ಣಿಮೆ ಮಾತ್ರ ಊರಲ್ಲಿ ಸಿಗಲಿಲ್ಲ. ಅಣ್ಣ ಎತ್ತುಗಳ ವಿಡಿಯೋ ಕಳಿಸಿದ್ದ, ಪ್ಲಾಂಟ್‌ನ ಊಟದ ಕೋಣೆಯಲ್ಲಿ ಕೂತು ನೋಡಿದೆ. ಕೆಲವು ದಿನ ಬಿಟ್ಟು ಖಾತೆಯಲ್ಲಿ 51,000 ದಾಟಿದ ಅಂಕಿ ಕಂಡಾಗ ಮೊದಲು ಅವ್ವನಿಗೆ ಹೇಳಿದೆ. ಅವಳಿಗೆ ಅದು ಏನು ಅಂತ ಪೂರ್ತಿ ತಿಳಿಯಲಿಲ್ಲ. "ಇನ್ನ ಮ್ಯಾಲೆ ಕುಂದ್ರಾಕ ಚಲೋ ಜಾಗಾ ಸಿಗತೈತಿಲ್ಲೋ" ಅಂದಳು. ಹೌದವ್ವಾ, ಅದೇ.

ಗೋಲ್ಡ್ ಬಂದಮೇಲೆ ಏನೇನು ಬದಲಾಯಿತು ಅಂತ ನೇರವಾಗಿ ಹೇಳುತ್ತೇನೆ. ಬೆಂಗಳೂರಲ್ಲಿ ಕಾಯುವುದು ಪೂರ್ತಿ ತಪ್ಪಿಲ್ಲ. ಲೌಂಜ್ ಇರುವುದು ಇಮಿಗ್ರೇಷನ್ ದಾಟಿದ ಮೇಲೆ. ಚೀಲ ಕೊಡುವ ಕೌಂಟರ್ ತೆರೆಯುವ ತನಕ ಹೊರಗೇ ಇರಬೇಕು. ಆದರೆ ತೆರೆದ ಕೂಡಲೇ ಬೇರೆ ಸಾಲು, ಆಮೇಲೆ ಬಿಸಿ ಊಟ, ಮೆತ್ತನೆಯ ಕುರ್ಚಿ, ಫೋನ್ ಚಾರ್ಜ್. ಸಿಂಗಾಪುರದ ಚಾಂಗಿ ನಿಲ್ದಾಣದಲ್ಲಿ ನಾಲ್ಕೈದು ತಾಸು ಇದ್ದರೂ ಈಗ ಭಾರ ಅನ್ನಿಸುವುದಿಲ್ಲ. ಅಲ್ಲೇ ಕೂತು ರಿಪೋರ್ಟ್ ಬರೆದು ಮುಗಿಸುತ್ತೇನೆ.

ಚೀಲಕ್ಕೆ 20 ಕೆಜಿ ಜಾಸ್ತಿ. ಇದು ನಮ್ಮ ಕೆಲಸಕ್ಕೆ ಬಹಳ ದೊಡ್ಡದು. ಟಾರ್ಕ್ ರೆಂಚ್, ಸೀಲ್ ಕಿಟ್, ಗ್ಯಾಸ್ಕೆಟ್ ಎಲ್ಲ ಜೊತೆಗೇ ಹೋಗುತ್ತವೆ. ಮೊದಲು ಕೊರಿಯರ್ ಮಾಡಿ ದಾರಿ ಕಾಯಬೇಕಿತ್ತು. ಒಂದೇ ಚೀಲ 32 ಕೆಜಿ ಮೀರಬಾರದು, ಅದಕ್ಕೆ ಎರಡು ಮಾಡುತ್ತೇನೆ. ಉಳಿದ ಜಾಗದಲ್ಲಿ ಕಟಕ ರೊಟ್ಟಿ ಕಟ್ಟುತ್ತಾರೆ. ಅದನ್ನು ಆಸ್ಟ್ರೇಲಿಯಾದಲ್ಲಿ ಇಳಿಯುವಾಗ ಫಾರಂನಲ್ಲಿ ತೋರಿಸಲೇಬೇಕು. ಧಾರವಾಡ ಪೇಡಾ ಒಯ್ಯುವಂತಿಲ್ಲ, ಹಾಲಿನ ಸಿಹಿಗೆ ಅಲ್ಲಿ ಬಿಡುವುದಿಲ್ಲ. ಎಷ್ಟು ಕೆಜಿ ಸಿಕ್ಕರೂ ಅದು ಇಲ್ಲೇ ಉಳಿಯುತ್ತದೆ.

ಗದಗದ ಒಬ್ಬ ಗೆಳೆಯ ದುಬೈನಲ್ಲಿದ್ದಾನೆ. ಅವನಿಗೆ ನನ್ನ ದಾರಿ ಆಗುವುದಿಲ್ಲ. ಎಮಿರೇಟ್ಸ್ ಈ ಕೂಟದಲ್ಲಿ ಇಲ್ಲ, ಅವರದ್ದೇ ಸ್ಕೈವಾರ್ಡ್ಸ್ ಇದೆ. ಅಲ್ಲಿ ಸಿಲ್ವರ್‌ಗೆ 25,000 ಮೈಲಿ ಇಲ್ಲವೇ 25 ಹಾರಾಟ. ಹತ್ತಿರದ ದೂರಕ್ಕೆ ಪದೇ ಪದೇ ಹೋಗುವವರು ಹಾರಾಟ ಎಣಿಸುವುದೇ ಚಲೋ. ನಿಮ್ಮ ದಾರಿ ಯಾವುದೋ ಅದಕ್ಕೆ ತಕ್ಕ ಖಾತೆ ಒಂದನ್ನೇ ಆರಿಸಿ. ಮೂರು ಕಡೆ ಹಂಚಿದರೆ ಮೂರೂ ಕಡೆ ಅರ್ಧಕ್ಕೇ ನಿಲ್ಲುತ್ತೀರಿ.

ಗೋಲ್ಡ್ ಒಂದು ವರ್ಷಕ್ಕೆ. ಉಳಿಸಿಕೊಳ್ಳಲು ಮತ್ತೆ 50,000 ಬೇಕು, ಹೆಚ್ಚಾಗಿದ್ದ ಸಾವಿರ ಚಿಲ್ಲರೆ ಮುಂದಿನ ವರ್ಷಕ್ಕೆ ಸೇರುವುದಿಲ್ಲ. ನೋಟ್‌ಬುಕ್‌ನಲ್ಲಿ ಹೊಸ ಪುಟ ಶುರು ಮಾಡಿದ್ದೇನೆ. ಹೋದ ದಿನ, ದರದ ಅಕ್ಷರ, ಬರಬೇಕಾದ ಮೈಲಿ, ಬಿದ್ದ ಮೈಲಿ.

ಗೋಲ್ಡ್ ಆದಮೇಲೆ ಮೊದಲ ಸಲ ವಾಪಸ್ ಬಂದದ್ದು ನೆನಪಿದೆ. ಸಿಂಗಾಪುರದಿಂದ ಬಂದು ಇಳಿದಾಗ ರಾತ್ರಿ ಹತ್ತು ದಾಟಿತ್ತು. ಹಿಂದೆಲ್ಲ ಬೆಲ್ಟ್ ಹತ್ತಿರ ಮುಕ್ಕಾಲು ತಾಸು ನಿಂತು, ರಾತ್ರಿ ಬಸ್ಸು ತಪ್ಪಿಸಿಕೊಂಡು, ಬೆಳಗಿನ ತನಕ ನಿಲ್ದಾಣದಲ್ಲೇ ಒರಗುತ್ತಿದ್ದೆ. ಆ ದಿನ ನನ್ನ ಎರಡು ಚೀಲ ಮೊದಲ ಹತ್ತರೊಳಗೆ ಬಂದವು. ಟ್ಯಾಕ್ಸಿ ಹಿಡಿದು ಗೊರಗುಂಟೆಪಾಳ್ಯಕ್ಕೆ ಬಂದೆ. ಸ್ಲೀಪರ್ ಬಸ್ಸು ಇನ್ನೂ ಬಂದಿರಲಿಲ್ಲ, ಚಹಾ ಕುಡಿಯುವಷ್ಟು ಹೊತ್ತಿತ್ತು. ಬೆಳಗ್ಗೆ ಏಳಕ್ಕೆ ಹುಬ್ಬಳ್ಳಿಯ ಹೊಸೂರಲ್ಲಿ ಇಳಿದೆ. ಮಗಳು ಶಾಲೆಗೆ ಹೋಗುವ ಮೊದಲೇ ಮನೆಯಲ್ಲಿದ್ದೆ.