ಎರಡು ಔನ್ಸ್ ಚಹಾಪುಡಿಯ ಪಾಠ

ಎರಡನೇ ಮಹಾಯುದ್ಧ ಮುಗಿದ ಮೇಲಿನ ಬ್ರಿಟನ್ ಬಗ್ಗೆ ಮಕ್ಕಳಿಗೆ ಹೇಳಬೇಕಾದರೆ ಮೊದಲು ಒಂದು ತಕ್ಕಡಿ ತನ್ನಿ. ನಾನು ಬದಿಯಡ್ಕದ ಕಡೆ ಕನ್ನಡ ಮಾಧ್ಯಮದಲ್ಲಿ ಪಾಠ ಮಾಡುವವಳು. ಮೊದಲ ವರ್ಷ ಇಸವಿಗಳನ್ನೆಲ್ಲ ಬೋರ್ಡಿನ ತುಂಬ ಬರೆದೆ. ಹಿಂದಿನ ಬೆಂಚು ಹಾಯಾಗಿ ನಿದ್ದೆ ಹೋಯಿತು. ಊಟ ಆದಮೇಲಿನ ಪೀರಿಯಡ್ ಬೇರೆ!

ಈಗ ಹೀಗೆ ಮಾಡುತ್ತೇನೆ. 57 ಗ್ರಾಂ ಚಹಾಪುಡಿ, 227 ಗ್ರಾಂ ಸಕ್ಕರೆ, 57 ಗ್ರಾಂ ಬೆಣ್ಣೆ ತೂಗಿ ಪೇಪರಿನ ಮೇಲಿಡಿ. ಅಂದರೆ ಎರಡು, ಎಂಟು, ಎರಡು ಔನ್ಸ್. ಆಗ ಅಲ್ಲಿ ರೇಷನ್ನಿನಲ್ಲಿ ಒಬ್ಬರಿಗೆ ಒಂದು ವಾರಕ್ಕೆ ಸಿಗುತ್ತಿದ್ದದ್ದು ಹೆಚ್ಚುಕಡಿಮೆ ಇಷ್ಟೇ. ಬೆಣ್ಣೆ ಮಾತ್ರ ಕೊನೆಗೆ ತೆಗೆಯಿರಿ. ನಮ್ಮ ಸೆಕೆಗೆ ನಾನು ತಂದದ್ದು ಹಾಜರಿ ಕರೆಯುವಷ್ಟರಲ್ಲಿ ಪೇಪರಿಗೆ ಅಂಟಿತ್ತು.

"ಟೀಚರೇ, ಇಷ್ಟು ಸಕ್ಕರೆ ನಮ್ಮಜ್ಜನಿಗೆ ಎರಡು ದಿನಕ್ಕೆ ಸಾಲದು" ಎಂದು ಯಾರಾದರೂ ಹೇಳಿಯೇ ಹೇಳುತ್ತಾರೆ. ಆಗ ರೇಷನ್ ಅಂಗಡಿ ಮಾತು ತೆಗೆಯಿರಿ. ನಮಗೆ ರೇಷನ್ ಅಕ್ಕಿ ಮುಗಿದರೆ ಪೇಟೆಯಿಂದ ತರಬಹುದು. ಆಗಿನ ಬ್ರಿಟನ್ನಿನಲ್ಲಿ ಕಳ್ಳಸಂತೆ ಬಿಟ್ಟರೆ, ದುಡ್ಡಿದ್ದರೂ ರೇಷನ್ ಪುಸ್ತಕ ಇಲ್ಲದೆ ಸಕ್ಕರೆ ಇಲ್ಲ. ಯುದ್ಧದ ಸಮಯದಲ್ಲಿ ಸಲೀಸಾಗಿ ಸಿಗುತ್ತಿದ್ದ ಬ್ರೆಡ್ಡಿಗೂ, ಗೆದ್ದ ಮೇಲೆ, 1946ರ ಜುಲೈಯಿಂದ ಎರಡು ವರ್ಷ ರೇಷನ್! ಇದನ್ನು ಮಕ್ಕಳು ನಂಬುವುದಿಲ್ಲ.

ಇಲ್ಲಿ ಸ್ವಲ್ಪ ನಿಲ್ಲಿ, ಮನೆಗೆ ಬಂದವರಿಗೆ ಏನು ಕೊಡುತ್ತೀರಿ ಎಂದು ಕೇಳಿ. ಬೆಲ್ಲ, ನೀರು, ಆಮೇಲೆ ಚಹಾ. ಬೇಡ ಅಂದರೂ ಬಿಡುವುದಿಲ್ಲ, ಅಲ್ವಾ? ಅಲ್ಲಿ ಉಳಿಯಲು ಬರುವ ನೆಂಟರು ತಮ್ಮ ಪಾಲಿನ ಚಹಾಪುಡಿ, ಸಕ್ಕರೆ ಕಟ್ಟಿಕೊಂಡೇ ಬರುವುದಿತ್ತು. ಯಾರಿಗೂ ಅವಮಾನ ಅನಿಸುತ್ತಿರಲಿಲ್ಲ. ಚಹಾ ಮಾಡುವಾಗ ತಲೆಗೊಂದು ಚಮಚ, ಕೆಟಲಿಗೆ ಇನ್ನೊಂದು ಎಂಬುದು ಅವರ ಹಳೇ ಲೆಕ್ಕ. ಯುದ್ಧದಲ್ಲಿ ಸರಕಾರವೇ ಆ ಇನ್ನೊಂದು ಚಮಚ ಬೇಡ ಎಂದಿತು. ಚಹಾದ ರೇಷನ್ ಹೋದದ್ದು 1952ರ ಅಕ್ಟೋಬರಿನಲ್ಲಿ. ಈ ಒಂದು ಚಮಚದ ಮೇಲೆ ಎಷ್ಟು ಹೊತ್ತು ಮಾತಾಡಿದರೂ ಮಕ್ಕಳಿಗೆ ಬೇಜಾರಿಲ್ಲ.

ಕೊನೆಗೆ ಕಡಲೆ ಮಿಠಾಯಿ. ಅರ್ಧ ಕ್ಲಾಸಿಗೆ ಸಾಲುವಷ್ಟನ್ನೇ ಮೇಜಿನ ಮೇಲಿಟ್ಟು, ಬೇಕಾದಷ್ಟು ತೆಗೆದುಕೊಳ್ಳಿ ಅನ್ನಿ. ಮುಂದಿನ ಬೆಂಚಿನವರೇ ಖಾಲಿ ಮಾಡುತ್ತಾರೆ. ಇದು 1949. ಆ ಏಪ್ರಿಲಿನಲ್ಲಿ ಮಿಠಾಯಿಯ ರೇಷನ್ ತೆಗೆದರು, ಜನ ಮುಗಿಬಿದ್ದರು, ಆಗಸ್ಟಿನಲ್ಲಿ ಮತ್ತೆ ಹಾಕಿದರು. ಪೂರ್ತಿ ಹೋದದ್ದು 1953ರ ಫೆಬ್ರವರಿಯಲ್ಲಿ. ಉಳಿದ ಅರ್ಧ ಕ್ಲಾಸಿಗೆ ಮಿಠಾಯಿಯ ಎರಡನೇ ಪೊಟ್ಟಣ ಡ್ರಾಯರಿನಲ್ಲಿ ರೆಡಿ ಇರಲಿ. ಒಮ್ಮೆ ಮರೆತು ಹೋಗಿ, ಹಿಂದಿನ ಬೆಂಚಿನವರು ಒಂದು ವಾರ ನನ್ನ ಹತ್ತಿರ ಸರಿಯಾಗಿ ಮಾತಾಡಲಿಲ್ಲ.