ಹೊಸಬರಿಗೆ ಮಾರ್ಗದರ್ಶಿ: ಟ್ಯಾಂಕ್ ಇಲ್ಲದ ಗೀಸರ್

"ಸ್ನಾನದ ಮಧ್ಯೆ ನೀರು ತಣ್ಣಗಾಗುತ್ತೆ, ಹೀಟರ್ ಕೆಟ್ಟಿದೆಯಾ?" ಟೆಕ್ಸಾಸ್‌ಗೆ ಹೊಸದಾಗಿ ಬಂದವರು ನಮ್ಮ ಕೂಟದಲ್ಲಿ ಆಗಾಗ ಕೇಳುವ ಪ್ರಶ್ನೆ ಇದು. ಎಷ್ಟೋ ಸಲ ಏನೂ ಕೆಟ್ಟಿರುವುದಿಲ್ಲ. ಊರಿನ ಗೀಸರ್ ಅಭ್ಯಾಸ ನಮ್ಮನ್ನು ಬಿಟ್ಟಿರುವುದಿಲ್ಲ, ಅಷ್ಟೇ.

ಊರಲ್ಲಿ ಸ್ವಿಚ್ ಹಾಕಿ ಕಾಯುತ್ತೇವೆ. ಕೈ ಇಡಲಾಗದಷ್ಟು ಬಿಸಿನೀರನ್ನು ಬಕೆಟ್‌ಗೆ ಬಿಟ್ಟು ತಣ್ಣೀರು ಬೆರೆಸಿಕೊಳ್ಳುತ್ತೇವೆ. ಇಲ್ಲಿ ಗ್ಯಾರೇಜಿನಲ್ಲೋ ಹೊರಗೋಡೆಯ ಮೇಲೋ ಸೂಟ್‌ಕೇಸಿನ ಹಾಗೆ ನೇತುಹಾಕಿರುವ ಟ್ಯಾಂಕ್‌ಲೆಸ್ ಹೀಟರ್‌ನಲ್ಲಿ ನೀರು ತುಂಬಿಟ್ಟಿರುವುದೇ ಇಲ್ಲ. ನಲ್ಲಿ ತಿರುಗಿಸಿ ನೀರು ಹರಿದರೆ ಮಾತ್ರ ಗ್ಯಾಸ್ ಹೊತ್ತಿಕೊಳ್ಳುತ್ತದೆ. ಅದಕ್ಕೆ ನಿಮಿಷಕ್ಕೆ ಸುಮಾರು ಅರ್ಧ ಗ್ಯಾಲನ್, ಅಂದರೆ ಎರಡು ಲೀಟರ್ ಹತ್ತಿರ ಬಿಸಿನೀರು ಹರಿಯುತ್ತಿರಬೇಕು. ಕಡಿಮೆಯಾದರೆ ಬೆಂಕಿ ಆರಿಹೋಗುತ್ತದೆ.

ನಾವು ಬಂದ ಹೊಸತರಲ್ಲಿ ಹೀಟರನ್ನು 140 ಡಿಗ್ರಿ ಫ್ಯಾರನ್‌ಹೀಟ್‌ಗೆ ಇಟ್ಟಿದ್ದೆವು. ಆ ಬಿಸಿ ತಡೆಯಲಾಗದೆ ನಮ್ಮತ್ತೆ ತಣ್ಣೀರು ಜಾಸ್ತಿ ಮಾಡಿ, ಬಿಸಿನೀರನ್ನು ನೂಲಿನಷ್ಟು ಸಣ್ಣಗೆ ಬಿಡುತ್ತಿದ್ದರು. ತಲೆಗೆ ಸೀಗೆಪುಡಿ ಹಚ್ಚಿಕೊಂಡು ಕೂತವರ ಮೇಲೆ ಡಿಸೆಂಬರಿನ ತಣ್ಣೀರು! ಬಂದ ಪ್ಲಂಬರ್ ಕಂಟ್ರೋಲರ್‌ನಲ್ಲಿ ಕೆಳಮುಖದ ಬಾಣ ಒತ್ತಿ 120ಕ್ಕೆ ಇಳಿಸಿದ, ಅಷ್ಟೇ. ದುಡ್ಡು ಮಾತ್ರ ಪೂರ್ತಿ ತಗೊಂಡ.

ಹಾಗಾಗಿ 120 ಸಾಕು, ನಮ್ಮ ಲೆಕ್ಕದಲ್ಲಿ 49 ಡಿಗ್ರಿ ಸೆಲ್ಸಿಯಸ್. 140ರ ನೀರು ಐದಾರು ಸೆಕೆಂಡಿನಲ್ಲಿ ಚರ್ಮ ಸುಡುತ್ತದೆ. ಮನೆಯಲ್ಲಿ ಮಕ್ಕಳಿದ್ದರೆ ಆ ಕಡೆ ಹೋಗಲೇಬೇಡಿ. ನಲ್ಲಿಗಳನ್ನೆಲ್ಲ ನಿಲ್ಲಿಸಿ ಆಮೇಲೆ ಅಂಕಿ ಬದಲಿಸಿ. ಗುಂಡಿ ಒತ್ತಿದರೂ ಬದಲಾಗದಿದ್ದರೆ 'ಪ್ರಯಾರಿಟಿ' ಅಂತ ಬರೆದ ಗುಂಡಿ ಇದೆಯಾ ನೋಡಿ, ಮೊದಲು ಅದನ್ನು ಒತ್ತಬೇಕು.

ಬಕೆಟ್ ಸ್ನಾನ ಬಿಡಬೇಕಿಲ್ಲ, ಬಿಸಿನೀರಿನ ನಲ್ಲಿ ಧಾರಾಳವಾಗಿ ಬಿಡಿ. ಮೊದಲು ಪೈಪಿನಲ್ಲಿರುವ ತಣ್ಣೀರು ಬರುತ್ತದೆ. ಅದನ್ನು ಕರಿಬೇವಿನ ಕುಂಡಕ್ಕೆ ಹಾಕಿ. ಪಾತ್ರೆ ತೊಳೆಯುವಾಗ ನಿಲ್ಲಿಸಿ ಮತ್ತೆ ಬಿಟ್ಟರೆ ನಡುವೆ ಒಂದಿಷ್ಟು ತಣ್ಣೀರು ಬಂದು ಹೋಗುತ್ತದೆ, ಅದೂ ಮಾಮೂಲು. ದೀಪಾವಳಿಯ ಎಣ್ಣೆಸ್ನಾನಕ್ಕೆ ಹತ್ತು ಜನ ಸಾಲಾಗಿ ಹೋದರೂ ನೀರು ಮುಗಿಯುವುದಿಲ್ಲ. ಎರಡು ಬಚ್ಚಲು, ಡಿಶ್‌ವಾಷರ್ ಎಲ್ಲ ಒಟ್ಟಿಗೆ ಓಡಿದರೆ ಮಾತ್ರ ಅದಕ್ಕೂ ಸುಸ್ತು.

ಪರದೆಯ ಮೇಲೆ ಅಂಕಿ ಮಿನುಗುತ್ತಿದ್ದರೆ ಫೋಟೋ ತೆಗೆದಿಟ್ಟುಕೊಳ್ಳಿ. ಹಲವು ಕಂಪನಿಗಳಲ್ಲಿ 11 ಅಂದರೆ ಬೆಂಕಿ ಹೊತ್ತಿಕೊಂಡಿಲ್ಲ ಎಂದರ್ಥ. ಅಡುಗೆಮನೆಯ ಗ್ಯಾಸ್ ಒಲೆ ಹೊತ್ತುತ್ತದಾ ನೋಡಿ. ಅದೂ ಹೊತ್ತದಿದ್ದರೆ ತೊಂದರೆ ಗ್ಯಾಸ್ ಬರುವ ದಾರಿಯಲ್ಲಿದೆ. ಗ್ಯಾಸ್ ವಾಸನೆ ಬಂದರೆ ಯಾವ ಸ್ವಿಚ್ಚನ್ನೂ ಮುಟ್ಟದೆ ಎಲ್ಲರೂ ಹೊರಗೆ ಬನ್ನಿ. ದೂರ ಹೋಗಿ ಗ್ಯಾಸ್ ಕಂಪನಿಗೋ 911ಕ್ಕೋ ಫೋನ್ ಮಾಡಿ.

ಇಲ್ಲಿ ಬಹಳ ಕಡೆ ಗಡಸು ನೀರು. ಊರಲ್ಲಿ ಬೋರ್‌ವೆಲ್ ನೀರಿಗೆ ಕೆಟಲ್ ತಳದಲ್ಲಿ ಬಿಳಿ ಪದರ ಕಟ್ಟುತ್ತಲ್ವಾ, ಅದೇ ಹೀಟರ್ ಒಳಗೂ ಕಟ್ಟುತ್ತದೆ. ವರ್ಷಕ್ಕೊಮ್ಮೆ ಸಣ್ಣ ಪಂಪಿನಿಂದ ಬಿಳಿ ವಿನಿಗರ್ ಅನ್ನು ಮುಕ್ಕಾಲು ಗಂಟೆ ಸುತ್ತಿಸಿ ತೊಳೆಯುತ್ತಾರೆ. ಬಾಡಿಗೆ ಮನೆಯಾದರೆ ಸುಮ್ನೆ ಕೈ ಹಾಕಬೇಡಿ, ಮಾಲೀಕರಿಗೆ ಇಮೇಲ್ ಬರೆಯಿರಿ.

ಕೊನೆಗೆ ಚಳಿ. ಫೆಬ್ರವರಿ 2021ರಲ್ಲಿ ದಿನಗಟ್ಟಲೆ ಕರೆಂಟ್ ಹೋಗಿ, ಇಲ್ಲಿ ಎಷ್ಟೋ ಮನೆಗಳಲ್ಲಿ ಪೈಪ್ ಒಡೆಯಿತು. ಹೀಟರ್ ಹೆಪ್ಪುಗಟ್ಟದಂತೆ ಕಾಯುವ ವ್ಯವಸ್ಥೆ ನಡೆಯುವುದೂ ಕರೆಂಟಿನಿಂದಲೇ. ಹಿಮಗಾಳಿಯ ಸೂಚನೆ ಬಂದಾಗ ಹುಡುಕಾಡುವ ಬದಲು, ಮನೆಗೆ ಬಂದ ವಾರದಲ್ಲೇ ಮಾಲೀಕರನ್ನು ಹೀಟರ್ ಹತ್ತಿರ ಕರೆದುಕೊಂಡು ಹೋಗಿ. ತಣ್ಣೀರಿನ ವಾಲ್ವ್ ಯಾವುದು, ಒಳಗಿನ ನೀರು ಖಾಲಿ ಮಾಡುವುದು ಹೇಗೆ ಎಂದು ಕೇಳಿ, ಮೊಬೈಲ್‌ನಲ್ಲಿ ವಿಡಿಯೋ ಮಾಡಿಟ್ಟುಕೊಳ್ಳಿ.