ಗಾಳಿಯ ‘ಎಚ್’ ಅಳೆಯೋಣ: ಒಂದು ಸ್ಟೀಲ್ ಡಬ್ಬಿ, ಒಂದು ಫ್ಯಾನ್, ಒಂದು ಬಕೆಟ್ ನೀರು

ಇಂಜಿನಿಯರಿಂಗ್ ಓದುವಾಗ ನಾನು ಒಂದಿಡೀ ಸಂಜೆ ಡೇಟಾ ಪುಸ್ತಕದಲ್ಲಿ ಗಾಳಿಯ ‘ಎಚ್’ ಹುಡುಕಿದ್ದೆ. ಎಚ್ ಅಂದರೆ ಶಾಖ ವರ್ಗಾವಣೆಯ ಗುಣಾಂಕ. ಗಾಳಿಯ ಸಾಂದ್ರತೆ ಸಿಕ್ಕಿತು, ಸ್ನಿಗ್ಧತೆ ಸಿಕ್ಕಿತು, ಉಷ್ಣವಾಹಕತೆಯೂ ಸಿಕ್ಕಿತು. ಎಚ್ ಮಾತ್ರ ಎಲ್ಲೂ ಇರಲಿಲ್ಲ. ಈಗ ಹೊಸದಾಗಿ ಕೆಲಸಕ್ಕೆ ಸೇರಿದ ಹುಡುಗರು ಅದೇ ಪ್ರಶ್ನೆ ಹಿಡಿದು ಬಂದರೆ ನಾನು ಪುಸ್ತಕ ತೆಗೆಯುವುದಿಲ್ಲ, ಸ್ಟೀಲ್ ಡಬ್ಬಿ ತೆಗೆಯುತ್ತೇನೆ. ನೀವೂ ಮಾಡಿ ನೋಡಿ.

ಮೊದಲು ಸೂತ್ರ. ಬಿಸಿ ಮೈಯಿಂದ ಗಾಳಿಗೋ ನೀರಿಗೋ ಪ್ರತಿ ಸೆಕೆಂಡಿಗೆ ಹೋಗುವ ಶಾಖ = ಎಚ್ × ಮೈಯ ವಿಸ್ತೀರ್ಣ × ತಾಪಮಾನದ ಅಂತರ. ಇದನ್ನು ನ್ಯೂಟನ್‌ನ ತಂಪಾಗುವಿಕೆಯ ನಿಯಮ ಅಂತ ಕರೆಯುತ್ತಾರೆ. ಎಚ್ 10 ಇದ್ದರೆ, ಗಾಳಿಗಿಂತ ಒಂದು ಡಿಗ್ರಿ ಬಿಸಿಯಿರುವ ಒಂದು ಚದರ ಮೀಟರ್ ಮೈಯಿಂದ 10 ವ್ಯಾಟ್ ಹೋಗುತ್ತದೆ. ಅಷ್ಟೇ.

ಈಗ ಡಬ್ಬಿ. ನನ್ನದು 8 ಸೆಂಟಿಮೀಟರ್ ವ್ಯಾಸ, 10 ಸೆಂಟಿಮೀಟರ್ ಎತ್ತರ. ಅರ್ಧ ಲೀಟರ್ ನೀರು ಹಿಡಿಯುತ್ತದೆ. ಸುತ್ತಲ ಗೋಡೆಯ ವಿಸ್ತೀರ್ಣ 0.025 ಚದರ ಮೀಟರ್. ತಳಕ್ಕೂ ಬಾಯಿಗೂ ದಪ್ಪ ಥರ್ಮಾಕೋಲ್ ಇಡಿ, ಆಗ ಶಾಖ ಪಕ್ಕದಿಂದಲೇ ಹೋಗಬೇಕು. ಮೇಲಿನ ಥರ್ಮಾಕೋಲಿಗೆ ತೂತು ಮಾಡಿ ಥರ್ಮಾಮೀಟರ್ ಇಳಿಸಿ. ಡಬ್ಬಿ ಹೊಳೆಯುವಂಥದ್ದೇ ಇರಲಿ. ಕಪ್ಪು ಬಳಿದದ್ದಾದರೆ ವಿಕಿರಣದಿಂದಲೇ ಎಚ್‌ಗೆ 6-7 ಸೇರಿಕೊಳ್ಳುತ್ತದೆ. ನಿಂತ ಗಾಳಿಯ ಲೆಕ್ಕದಲ್ಲಿ ಅದು ಸಣ್ಣ ಮೊತ್ತ ಅಲ್ಲ.

ಡಬ್ಬಿಗೆ ಬಿಸಿ ನೀರು ತುಂಬಿಸಿ, ಅದು 60 ಡಿಗ್ರಿಗೆ ಬಂದಾಗ ಗಡಿಯಾರ ನೋಡಿ. ಕೋಣೆ 25 ಡಿಗ್ರಿ ಇತ್ತು. ಕಿಟಕಿ ಮುಚ್ಚಿ ಹತ್ತು ನಿಮಿಷ ಬಿಟ್ಟೆ. ಓದುವ ಮುನ್ನ ನೀರನ್ನು ಒಮ್ಮೆ ಕಲಕಬೇಕು, ಇಲ್ಲದಿದ್ದರೆ ಮೇಲಿನ ಬಿಸಿ ನೀರು ಸುಳ್ಳು ಲೆಕ್ಕ ಕೊಡುತ್ತದೆ. 58 ತೋರಿಸಿತು. ಅರ್ಧ ಕಿಲೋ ನೀರು ಒಂದು ಡಿಗ್ರಿ ಇಳಿದರೆ ಸುಮಾರು 2090 ಜೂಲ್ ಹೊರಗೆ ಹೋಗುತ್ತದೆ. ಎರಡು ಡಿಗ್ರಿಗೆ 4180. ಅದನ್ನು 600 ಸೆಕೆಂಡಿಗೆ ಭಾಗಿಸಿದರೆ 7 ವ್ಯಾಟ್. ಸರಾಸರಿ ಅಂತರ 34 ಡಿಗ್ರಿ. 7 ಅನ್ನು 0.025ರಿಂದಲೂ 34ರಿಂದಲೂ ಭಾಗಿಸಿ. ಎಚ್ ಸುಮಾರು 8.

ಮತ್ತೆ 60ಕ್ಕೆ ಬಿಸಿ ಮಾಡಿ, ಟೇಬಲ್ ಫ್ಯಾನ್ ಹಚ್ಚಿದೆ. ಹತ್ತು ನಿಮಿಷಕ್ಕೆ 54! ಅದೇ ಲೆಕ್ಕ ಹಾಕಿದರೆ ಎಚ್ 26. ಅದೇ ಡಬ್ಬಿ, ಅದೇ ಗಾಳಿ. ಬದಲಾಗಿದ್ದು ಗಾಳಿ ಓಡುವ ವೇಗ ಒಂದೇ. ಡೇಟಾ ಪುಸ್ತಕದಲ್ಲಿ ಎಚ್ ಯಾಕಿರಲಿಲ್ಲ ಅಂತ ಗೊತ್ತಾಯ್ತು ಅಲ್ವಾ? ಅದು ಹರಿವಿಗೆ ಸೇರಿದ್ದು. ಗಾಳಿಯ ವೇಗ, ಮೈಯ ಆಕಾರ, ಅಳತೆ ಎಲ್ಲ ಸೇರಿ ಅದನ್ನು ತೀರ್ಮಾನ ಮಾಡುತ್ತವೆ.

ಒಳಗೆ ಏನಾಗುತ್ತಿದೆ ಅಂತ ನೋಡಲು ಒಂದು ಸುಲಭ ಲೆಕ್ಕ ಇದೆ. ನನಗೆ ತುಂಬಾ ಇಷ್ಟದ್ದು. ಗೋಡೆಗೆ ತಾಗಿದ ಗಾಳಿ ಚಲಿಸುವುದಿಲ್ಲ, ಅಂಟಿಕೊಂಡೇ ಇರುತ್ತದೆ. ಶಾಖ ಆ ಪೊರೆಯನ್ನು ವಹನದಿಂದಲೇ ದಾಟಬೇಕು. ಗಾಳಿಯ ಉಷ್ಣವಾಹಕತೆ, ಮೀಟರಿಗೆ ಡಿಗ್ರಿಗೆ ವ್ಯಾಟ್ ಲೆಕ್ಕದಲ್ಲಿ, 0.026. ಇದನ್ನು ಎಚ್‌ನಿಂದ ಭಾಗಿಸಿದರೆ ಪೊರೆಯ ದಪ್ಪದ ಅಂದಾಜು ಮೀಟರಿನಲ್ಲಿ ಸಿಗುತ್ತದೆ. ಫ್ಯಾನ್ ಇಲ್ಲದಾಗ 3 ಮಿಲಿಮೀಟರ್‌ಗಿಂತ ತುಸು ಜಾಸ್ತಿ, ಫ್ಯಾನ್ ಇದ್ದಾಗ 1 ಮಿಲಿಮೀಟರ್. ಡಬ್ಬಿ ಮೂರು ಮಿಲಿಮೀಟರ್ ಕಂಬಳಿ ಹೊದ್ದಿತ್ತು. ಫ್ಯಾನ್ ಅದನ್ನು ಸವೆಸಿ ಒಂದಕ್ಕೆ ಇಳಿಸಿತು.

ಮೂರನೇ ಸಲ ಡಬ್ಬಿಯನ್ನು ಕಂಠದವರೆಗೆ 25 ಡಿಗ್ರಿಯ ಬಕೆಟ್ ನೀರಿನಲ್ಲಿ ಹಿಡಿಯಿರಿ. ಹತ್ತು ನಿಮಿಷ ಕಾಯಬೇಕಿಲ್ಲ. ನನಗೆ ಒಂದೇ ನಿಮಿಷಕ್ಕೆ 55ಕ್ಕೆ ಇಳಿಯಿತು. ಲೆಕ್ಕ ಹಾಕಿದರೆ 214 ಬರುತ್ತದೆ. ಆದರೆ ಇಲ್ಲಿ ಹುಷಾರು. ಇದು ಹೊರಗಿನ ನೀರಿನ ಎಚ್ ಮಾತ್ರ ಅಲ್ಲ. ಡಬ್ಬಿಯೊಳಗೂ ಗೋಡೆಗೆ ಅಂಟಿದ ನೀರಿನ ಪೊರೆ ಇದೆ. ಗಾಳಿಯಲ್ಲಿದ್ದಾಗ ಅದು ಲೆಕ್ಕಕ್ಕೇ ಬರಲಿಲ್ಲ, ಈಗ ಅರ್ಧದಷ್ಟು ಅಡ್ಡಿ ಅದರದ್ದೇ. ಒಳಗಿನ ನೀರನ್ನು ಕಲಕುತ್ತಾ ಮತ್ತೊಮ್ಮೆ ಮಾಡಿ, ಇನ್ನೂ ಬೇಗ ಇಳಿಯುತ್ತದೆ.

ದೊಡ್ಡ ಅಡ್ಡಿ ಯಾವ ಕಡೆ ಇದೆ ಅಂತ ಮೊದಲು ನೋಡಬೇಕು ಅನ್ನುವುದು ನನಗೆ ಅರ್ಥವಾದದ್ದು ಕೆಲಸಕ್ಕೆ ಸೇರಿದ ಮೊದಲ ವರ್ಷ. ಪೈಪಿನೊಳಗೆ ಬಿಸಿ ನೀರು, ಹೊರಗೆ ಗಾಳಿ. ಗಾಳಿ ಸಾಕಷ್ಟು ಬಿಸಿಯಾಗುತ್ತಿರಲಿಲ್ಲ. ಉಕ್ಕಿನ ಬದಲು ತಾಮ್ರದ ಪೈಪ್ ಹಾಕೋಣ ಅಂತ ನಾನೇ ಹೇಳಿದೆ. ಹಾಕಿದರು. ಏನೂ ಬದಲಾಗಲಿಲ್ಲ. ಆಮೇಲೆ ಕೂತು ಅಡ್ಡಿಗಳನ್ನು ಒಂದೊಂದಾಗಿ ಬರೆದೆ. ಪ್ರತಿ ಪದರದ ಅಡ್ಡಿ 1 ಭಾಗಿಸು ಎಚ್, ಗೋಡೆಯದ್ದು ದಪ್ಪ ಭಾಗಿಸು ಉಷ್ಣವಾಹಕತೆ. ನೀರಿನ ಎಚ್ 3000, ಅಡ್ಡಿ 0.00033. ಎರಡು ಮಿಲಿಮೀಟರ್ ಉಕ್ಕಿನದ್ದು 0.00004. ಗಾಳಿಯ ಎಚ್ 50, ಅಡ್ಡಿ 0.02. ತಾಮ್ರದಿಂದ ಕಡಿಮೆಯಾದ ಅಡ್ಡಿ ಸಾವಿರದಲ್ಲಿ ಎರಡು ಪಾಲು ಅಷ್ಟೇ. ಅಡ್ಡಿ ಇದ್ದದ್ದು ಗಾಳಿಯ ಕಡೆ. ಹೊರಗೆ ಫಿನ್ (ತೆಳು ಲೋಹದ ರೆಕ್ಕೆಗಳು) ಹಾಕಿ ಮೈ ಹೆಚ್ಚಿಸಿದ ಮೇಲೆ ಕೆಲಸ ಆಯ್ತು. ನೀವೂ ಏನಾದರೂ ಬದಲಿಸುವ ಮುನ್ನ ಈ ಮೂರು ಅಂಕಿ ಬರೆದುಕೊಳ್ಳಿ.

ಅಳೆಯಲು ಆಗದ ಕಡೆ ಸೂತ್ರದಿಂದ ಅಂದಾಜು ಮಾಡುತ್ತೇವೆ. ಮೊದಲು ರೆನಾಲ್ಡ್ಸ್ ಸಂಖ್ಯೆ (ಸಾಂದ್ರತೆ × ವೇಗ × ವ್ಯಾಸ ಭಾಗಿಸು ಸ್ನಿಗ್ಧತೆ) ನೋಡಿ. ಪೈಪಿನಲ್ಲಿ ಅದು 2300ಕ್ಕಿಂತ ಕಡಿಮೆಯಿದ್ದರೆ ಹರಿವು ಪದರಪದರವಾಗಿ ಸಾಗುತ್ತದೆ. ಗೋಡೆಯ ತಾಪಮಾನ ಉದ್ದಕ್ಕೂ ಒಂದೇ ಇರುವ ಉದ್ದ ಪೈಪಿಗೆ ನಸೆಲ್ಟ್ ಸಂಖ್ಯೆ (ಎಚ್‌ನ ಏಕಮಾನವಿಲ್ಲದ ರೂಪ) ಸುಮ್ನೆ 3.66. ಅದನ್ನು ಉಷ್ಣವಾಹಕತೆಯಿಂದ ಗುಣಿಸಿ ವ್ಯಾಸದಿಂದ ಭಾಗಿಸಿದರೆ ಎಚ್. ರೆನಾಲ್ಡ್ಸ್ 10,000 ದಾಟಿದರೆ ಡಿಟಸ್-ಬೋಲ್ಟರ್ ಸೂತ್ರ ಬಳಸಿ: ನಸೆಲ್ಟ್ = 0.023 × ರೆನಾಲ್ಡ್ಸ್‌ನ 0.8 ಘಾತ × ಪ್ರಾಂಟಲ್‌ನ 0.4 ಘಾತ. ಪ್ರಾಂಟಲ್ ಅಂದರೆ ದ್ರವದ ಸ್ನಿಗ್ಧತೆ × ವಿಶಿಷ್ಟ ಶಾಖ ಭಾಗಿಸು ಉಷ್ಣವಾಹಕತೆ. ದ್ರವ ತಣ್ಣಗಾಗುತ್ತಿದ್ದರೆ 0.4ರ ಬದಲು 0.3.

ಆ 0.8 ಘಾತವನ್ನು ಒಂದು ಕ್ಷಣ ನೋಡಿ. ವೇಗ ಎರಡು ಪಟ್ಟಾದರೆ ಎಚ್ ಬರೀ 1.74 ಪಟ್ಟು. ಪಂಪಿಗೆ ಬೇಕಾದ ಶಕ್ತಿ ಮಾತ್ರ ಸುಮಾರು ಏಳು ಪಟ್ಟು. ಇಂಥ ಸೂತ್ರಗಳ ಉತ್ತರ ಶೇಕಡಾ 20-25ರಷ್ಟು ಆಚೀಚೆ ಆಗಬಹುದು. ಹಾಗಾಗಿ ನಾನು ಎಚ್‌ನ ಮೊದಲ ಎರಡು ಅಂಕಿ ಮಾತ್ರ ಇಟ್ಟುಕೊಳ್ಳುತ್ತೇನೆ (214 ಬಂದರೆ 210), ವಿಸ್ತೀರ್ಣವನ್ನು ಕಾಲು ಭಾಗ ಜಾಸ್ತಿ ಇಡುತ್ತೇನೆ.